ಯೋನ್ ಗ್ನಾರ್ ಮುಂದೆ ಕ್ಯಾಮೆರಾ, ನಮ್ಮ ನಾಯಕರ ಮುಂದೆ ಕ್ಯಾಮೆರಾ

ನಮ್ಮಲ್ಲಿ ರಾಜಕಾರಣಿಯ ಸಾಕ್ಷ್ಯಚಿತ್ರ ಹೇಗಿರುತ್ತೆ ಅಂತ ಎಲ್ಲರಿಗೂ ಗೊತ್ತು. ಹುಟ್ಟೂರಿನ ಮನೆ, ಗಡಸು ದನಿಯ ನಿರೂಪಣೆ, ಹಾರ ತುರಾಯಿ, ಆಪ್ತರ ಹೊಗಳಿಕೆ. ಐಸ್‌ಲ್ಯಾಂಡಿಗೆ ಬಂದ ಮೇಲೆ ನೋಡಿದ, ಒಬ್ಬ ಹಾಸ್ಯನಟ ಚುನಾವಣೆಗೆ ನಿಂತು ಮೇಯರ್ ಆದ ಕಥೆಯ ‘ಗ್ನಾರ್’ ಸಾಕ್ಷ್ಯಚಿತ್ರ ಹಾಗಿಲ್ಲ. ಅಂಥದ್ದು ಕನ್ನಡದಲ್ಲೂ ಬರಬೇಕು ಅಂತ ನನಗೆ ತುಂಬಾ ಆಸೆ.

ಯೋನ್ ಗ್ನಾರ್ ಇಲ್ಲಿ ಮನೆಮಾತಾದ ಹಾಸ್ಯನಟ. 2007ರಲ್ಲಿ ಶುರುವಾದ ಒಂದು ಟಿವಿ ಸರಣಿಯಲ್ಲಿ ಗೇಯಾರ್ಗ್ ಎಂಬ ಪಾತ್ರ ಮಾಡಿದ. ಪೆಟ್ರೋಲ್ ಬಂಕಿನ ರಾತ್ರಿ ಪಾಳಿಯ ಮೇಲ್ವಿಚಾರಕ. ಮಾತೆತ್ತಿದರೆ ತನ್ನ ಡಿಗ್ರಿಗಳ ಬಗ್ಗೆ ಹೇಳುವವನು, ಕೈಕೆಳಗಿನ ಹುಡುಗರನ್ನು ಗೋಳುಹೊಯ್ದುಕೊಳ್ಳುವವನು. ಮುಂದಿನ ಸರಣಿಗಳಲ್ಲಿ ಅದೇ ಮನುಷ್ಯ ಹೋಟೆಲಿಗೆ ಹೋದ, ಆಮೇಲೆ ಜೈಲಿಗೂ ಹೋದ. ಯಾರಿಗೂ ಇಷ್ಟವಾಗದ ಪಾತ್ರ ಅದು. ಆದರೂ ಜನ ಆ ನಟನಿಗೆ ವೋಟು ಹಾಕಿದರು.

ಅದರ ಹಿಂದೆ ಸಿಟ್ಟಿತ್ತು. 2008ರಲ್ಲಿ ಇಲ್ಲಿನ ಮೂರು ದೊಡ್ಡ ಬ್ಯಾಂಕುಗಳು ಒಂದರ ಹಿಂದೊಂದು ಕುಸಿದವು. ಹಳೇ ಪಕ್ಷಗಳ ಮೇಲೆ ಜನಕ್ಕೆ ನಂಬಿಕೆಯೇ ಹೋಯಿತು. ಗ್ನಾರ್ ‘ಬೆಸ್ಟ್ ಪಾರ್ಟಿ’ ಕಟ್ಟಿದ. ಈಜುಕೊಳಗಳಲ್ಲಿ ಪುಕ್ಕಟೆ ಟವೆಲ್, ಮೃಗಾಲಯಕ್ಕೊಂದು ಹಿಮಕರಡಿ ಕೊಡ್ತೀನಿ ಅಂದ. ಕೊಟ್ಟ ಮಾತು ಉಳಿಸಿಕೊಳ್ಳಲ್ಲ ಅಂತಲೂ ಮೊದಲೇ ಹೇಳಿಬಿಟ್ಟ. 2010ರ ಮೇ ತಿಂಗಳಲ್ಲಿ ರಾಜಧಾನಿ ರೇಕ್ಯಾವಿಕ್ ನಗರಸಭೆಯ 15 ಸ್ಥಾನಗಳಲ್ಲಿ 6 ಗೆದ್ದು ಮೇಯರ್ ಆದ.

ನನಗೆ ಮುಖ್ಯ ಅನಿಸೋದು ಇದು: ಗೆಲ್ತಾನೋ ಇಲ್ಲವೋ ಗೊತ್ತಿಲ್ಲದಾಗಲೇ ಕ್ಯಾಮೆರಾ ಜೊತೆಗಿತ್ತು. ತಮಾಷೆಯಾಗಿ ಶುರುವಾದದ್ದು ನಿಜವಾಗುತ್ತಾ ಹೋದದ್ದು ಹಾಗಾಗಿ ನಮ್ಮ ಕಣ್ಣಿಗೆ ಬೀಳುತ್ತೆ. ಚಿತ್ರ ಬಿಡುಗಡೆಯಾದದ್ದೂ ಅದೇ ವರ್ಷ, ಅವನು ಕುರ್ಚಿಯಲ್ಲಿ ಇದ್ದಾಗಲೇ. ಅವನ ಆಡಳಿತ ಎಲ್ಲರಿಗೂ ಹಿಡಿಸಲಿಲ್ಲ, ಅದು ಬೇರೆ ಮಾತು. 2014ರಲ್ಲಿ ಮತ್ತೆ ನಿಲ್ಲಲೂ ಇಲ್ಲ. ಹತ್ತು ವರ್ಷ ಬಿಟ್ಟು ಅಧ್ಯಕ್ಷ ಚುನಾವಣೆಯಲ್ಲಿ ಸೋತ, ಅದೇ ವರ್ಷ ಸಂಸತ್ತಿಗೆ ಆಯ್ಕೆಯಾದ.

ನಮ್ಮಲ್ಲೂ ಇಂಥ ಕಥೆ ಇಲ್ವಾ? ‘ಮುಖ್ಯಮಂತ್ರಿ’ ನಾಟಕದಲ್ಲಿ ಚಂದ್ರು ಅವರು ಮಾಡಿದ್ದು ಕುರ್ಚಿಗಾಗಿ ಪಟ್ಟು ಹಾಕುವ ಪಾತ್ರ. ಆ ನಾಟಕದ ಹೆಸರೇ ಅವರ ಹೆಸರಿಗೆ ಅಂಟಿಕೊಂಡಿತು. 1985ರಲ್ಲಿ ಗೌರಿಬಿದನೂರಿನಿಂದ ಶಾಸಕರೂ ಆದರು. ಆ ಪ್ರಚಾರದ ಬೀದಿಗಳಲ್ಲಿ ಒಬ್ಬ ಒಳ್ಳೇ ಛಾಯಾಗ್ರಾಹಕ ಅವರ ಹಿಂದೆ ಓಡಾಡಿದ್ದರೆ ಇವತ್ತು ಎಂಥ ಚಿತ್ರ ನಮ್ಮ ಕೈಲಿರುತ್ತಿತ್ತು! ಈಗಂತೂ ಫೋನಿನಲ್ಲೇ ಚಿತ್ರ ತೆಗೆಯಬಹುದು. ಬೇಕಾಗಿರೋದು ಎರಡೇ. ‘ಎಡಿಟ್ ಆದಮೇಲೆ ಒಮ್ಮೆ ನನಗೆ ತೋರಿಸಿ’ ಅಂತ ಕೇಳದ ಅಭ್ಯರ್ಥಿ, ಮತ್ತು ಅವರಿಂದ ಒಂದು ಪೈಸೆಯನ್ನೂ ಪಡೆಯದ ನಿರ್ದೇಶಕ. ಮುಂದಿನ ಪಂಚಾಯಿತಿ ಚುನಾವಣೆಯಲ್ಲೇ ಯಾರಾದರೂ ಇದಕ್ಕೆ ಕೈ ಹಾಕಲಿ.