ಎರಡು ಸೂರ್ಯರಿಗೆ ಎರಡು ವರ್ಷ ಬೇಕೇ?

ಒಂದು ಲೋಕ ಕಟ್ಟೋಣ. ಗ್ರಹ ಹಿರಿಯ ಸೂರ್ಯನನ್ನು 300 ದಿನಕ್ಕೊಮ್ಮೆ ಸುತ್ತುತ್ತದೆ. ಕಿರಿಯ ಸೂರ್ಯ ಬಹಳ ದೂರ. ಅವನು ಹಿರಿಯನಿಗೆ ಒಂದು ಸುತ್ತು ಬರಲು ಅಂಥ 60 ವರ್ಷ ಬೇಕು. ಇದು ತೀರಾ ಕಟ್ಟುಕತೆಯೇನಲ್ಲ. ನಮ್ಮ ಸೂರ್ಯನಿಗೆ ಅತಿ ಹತ್ತಿರದ ನಕ್ಷತ್ರ ಗುಂಪಾದ ಆಲ್ಫಾ ಸೆಂಟಾರಿಯ ಎರಡು ದೊಡ್ಡ ನಕ್ಷತ್ರಗಳು ಸುಮಾರು 80 ವರ್ಷಕ್ಕೊಮ್ಮೆ ಹೀಗೇ ಸುತ್ತುತ್ತವೆ. ಈ ಲೋಕದ ಕ್ಯಾಲೆಂಡರ್ ಇಬ್ಬರನ್ನೂ ಲೆಕ್ಕಕ್ಕೆ ಹಿಡಿಯಬೇಕೇ, ಹಿರಿಯನೊಬ್ಬ ಸಾಕೇ?

ಪರ: ರಾತ್ರಿಗೂ ಒಂದು ಲೆಕ್ಕ ಬೇಕು

ಹಿರಿಯನೊಬ್ಬ ಸಾಕು ಅನ್ನುವವರು ಬರೀ ಬಿಸಿಲನ್ನು ನೋಡುತ್ತಾರೆ. ಈ ಲೋಕದ ನಿಜವಾದ ವಿಚಿತ್ರ ಇರುವುದು ರಾತ್ರಿಯಲ್ಲಿ.

ಇಬ್ಬರೂ ಆಕಾಶದಲ್ಲಿ ಒಂದೇ ಕಡೆ ಇದ್ದಾಗ ಜೊತೆಗೇ ಹುಟ್ಟಿ ಜೊತೆಗೇ ಮುಳುಗುತ್ತಾರೆ. ಆಗ ನಮಗೆ ಗೊತ್ತಿರುವಂಥದೇ ಕತ್ತಲು. ಸುಮಾರು 152 ದಿನ ಕಳೆದರೆ ಎಲ್ಲ ತಿರುವುಮುರುವು. ಹಿರಿಯ ಮುಳುಗುವ ಹೊತ್ತಿಗೆ ಕಿರಿಯ ಮೂಡುತ್ತಾನೆ. ದೂರದವನಾದರೂ ಹುಣ್ಣಿಮೆ ಚಂದ್ರನಿಗಿಂತ ನೂರಾರು ಪಟ್ಟು ಜಾಸ್ತಿ ಬೆಳಕು ಕೊಡಬಲ್ಲ. ಕಳ್ಳನಿಗೆ ಕೆಲಸವಿಲ್ಲ, ಕಾವಲುಗಾರ ಆರಾಮಾಗಿ ಮಲಗಬಹುದು. ನಕ್ಷತ್ರ ನೋಡಿ ದಾರಿ ಹಿಡಿಯುವ ನಾವಿಕ ಮಾತ್ರ ದಡದಲ್ಲೇ ಕೂರಬೇಕು. ಗಿಡಗಳಿಗೂ ವ್ಯತ್ಯಾಸ ಗೊತ್ತಾಗುತ್ತದೆ. ಸೇವಂತಿಗೆ ಹೂ ಬಿಡುವುದು ರಾತ್ರಿ ಉದ್ದವಾದಾಗ. ಅದಕ್ಕೇ ಬೆಳೆಗಾರರು ರಾತ್ರಿ ಹೊತ್ತು ದೀಪ ಹಾಕಿ ಹೂವನ್ನು ಮುಂದೂಡುತ್ತಾರೆ. ಇಲ್ಲಿ ಆ ದೀಪವನ್ನು ಆಕಾಶವೇ ಹಾಕುತ್ತದೆ.

ಲೆಕ್ಕ ಇನ್ನೂ ಚೆನ್ನಾಗಿದೆ. ಕಿರಿಯನೂ ನಿಧಾನವಾಗಿ ಸರಿಯುತ್ತಿರುವುದರಿಂದ ಜೋಡಿ ಉದಯ 300 ದಿನಕ್ಕೆ ಮರಳುವುದಿಲ್ಲ. 305 ದಿನ ಮತ್ತು ಚೂರು ಬೇಕು. ಇದನ್ನು ಜೋಡಿ ವರ್ಷ ಅನ್ನೋಣ. ಹೀಗಾಗಿ ಕತ್ತಲಗಾಲ ವರ್ಷಕ್ಕೆ ಐದು ದಿನ ಮುಂದೆ ಜಾರುತ್ತದೆ. ಚಳಿಗಾಲದ ಕಡುಗತ್ತಲಲ್ಲಿ ಹುಟ್ಟಿದ ಮಗುವಿಗೆ 30 ತುಂಬುವ ಹೊತ್ತಿಗೆ ಅದೇ ಚಳಿಗಾಲದಲ್ಲಿ ಕತ್ತಲೇ ಇರುವುದಿಲ್ಲ. 60 ವರ್ಷ ಅಂದರೆ 18,000 ದಿನ. ಅಷ್ಟರಲ್ಲಿ ಜೋಡಿ ವರ್ಷ ಸರಿಯಾಗಿ 59 ಮುಗಿದು, ಎರಡೂ ಮತ್ತೆ ಒಂದೇ ದಿನ ಶುರುವಾಗುತ್ತವೆ. ಇಂಥ ಲೆಕ್ಕ ಮನುಷ್ಯರಿಗೆ ಹೊಸದೂ ಅಲ್ಲ. ಮಧ್ಯ ಅಮೆರಿಕದ ಮಾಯಾ ಜನ 260 ದಿನದ್ದೊಂದು, 365 ದಿನದ್ದೊಂದು ಕ್ಯಾಲೆಂಡರ್ ಜೊತೆಜೊತೆಗೆ ಇಟ್ಟುಕೊಂಡಿದ್ದರು. ಎರಡೂ 18,980 ದಿನಕ್ಕೊಮ್ಮೆ, ಅಂದರೆ ಅವರ 52 ವರ್ಷಕ್ಕೊಮ್ಮೆ, ಕೂಡುತ್ತಿದ್ದವು.

ಇನ್ನು ಕತೆ ಬರೆಯುವವರಿಗಂತೂ ಇದು ಹಬ್ಬ. "ಒಂದು ವರ್ಷಕ್ಕೆ" ಅಂತ ಸಾಲ ಕೊಟ್ಟವನು 305 ದಿನದ ಬಡ್ಡಿ ಕೇಳುತ್ತಾನೆ, ತೆಗೆದುಕೊಂಡವನು 300 ಅನ್ನುತ್ತಾನೆ. ಜಗಳ ತಾನಾಗೇ ಹುಟ್ಟಿತು, ಅಲ್ವಾ?

ವಿರೋಧ: ಕಂಡಿದ್ದೆಲ್ಲ ಕ್ಯಾಲೆಂಡರಿಗೆ ಬೇಡ

ಬಡ್ಡಿ ಜಗಳ ಮಜವಾಗಿದೆ, ಒಪ್ಪೋಣ. ಆದರೆ ಅದು ಒಂದೇ ಸಲದ ತಮಾಷೆ. ಮುಂದಿನ ಸಲ ಸಾಲ ಕೊಡುವವನು ಪತ್ರದಲ್ಲೇ ದಿನ ಎಷ್ಟು ಅಂತ ಬರೆಸುತ್ತಾನೆ. ವ್ಯವಹಾರ ಮಾಡುವವರು ಎರಡು ಲೆಕ್ಕ ಬಹಳ ಕಾಲ ಸಹಿಸುವುದಿಲ್ಲ.

ಚಂದ್ರನನ್ನೇ ನೋಡಿ. ಗ್ರೆಗೋರಿಯನ್ ಕ್ಯಾಲೆಂಡರಿನ ತಿಂಗಳಿಗೂ ಅಮಾವಾಸ್ಯೆ ಹುಣ್ಣಿಮೆಗೂ ಸಂಬಂಧವೇ ಇಲ್ಲ. ಆದರೂ ಬಹುಪಾಲು ಪ್ರಪಂಚದ ಕೆಲಸ ಅದರಲ್ಲೇ ನಡೆಯುತ್ತಿದೆ. ಹುಣ್ಣಿಮೆ ಯಾವತ್ತು ಅಂತ ಬೇಕಾದವರು ಬೇರೆ ಕಡೆ ನೋಡಿಕೊಳ್ಳುತ್ತಾರೆ. ನಾವಿಕನಿಗೂ ಕಾವಲುಗಾರನಿಗೂ ಕತ್ತಲಗಾಲದ ಒಂದು ಪಟ್ಟಿ ಕೊಟ್ಟರೆ ಮುಗಿಯಿತು. ಅದಕ್ಕೊಂದು ವರ್ಷವನ್ನೇ ಸೃಷ್ಟಿಸಬೇಕೇ?

ಅಷ್ಟು ದೂರದ ಕಿರಿಯನಿಂದ ಬರುವ ಶಾಖ ಹಿರಿಯನದರ ನೂರರಲ್ಲಿ ಒಂದು ಪಾಲೂ ಆಗದು. ಮಳೆ, ಚಳಿ, ಬಿತ್ತನೆ ಎಲ್ಲ ಹಿರಿಯನ ಕೈಯಲ್ಲೇ. ಸೇವಂತಿಗೆಯ ವಾದವೂ ನಿಲ್ಲುವುದಿಲ್ಲ. ರಾತ್ರಿಯ ಉದ್ದ ನಂಬಿ ಹೂ ಬಿಡುವ ಗಿಡ, ಕತ್ತಲೇ ಜಾರುತ್ತಿರುವ ಲೋಕದಲ್ಲಿ ಬಾಳುವುದು ಕಷ್ಟ. ಅಲ್ಲಿನ ಗಿಡಗಳು ಬಿಸಿಯನ್ನೋ ನೀರನ್ನೋ ನೋಡಿಕೊಂಡು ಹೂ ಬಿಡುತ್ತವೆ.

ಲೆಕ್ಕ ಅಚ್ಚುಕಟ್ಟಾಗಿದೆ ಅನ್ನುವುದು ಕ್ಯಾಲೆಂಡರಿಗೆ ದೊಡ್ಡ ಗುಣವೂ ಅಲ್ಲ. ಫ್ರಾನ್ಸ್ 1793ರಲ್ಲಿ 30 ದಿನದ ತಿಂಗಳು, ಹತ್ತು ದಿನದ ವಾರ ತಂದಿತು. ಕಾಗದದ ಮೇಲೆ ಬಲು ಚಂದ. ಏಳು ದಿನಕ್ಕೊಮ್ಮೆ ಬರುತ್ತಿದ್ದ ರಜೆ ಹತ್ತಕ್ಕೆ ಹೋಯಿತು, ಜನ ಸುಮ್ನೆ ಒಪ್ಪಲಿಲ್ಲ. 1806ರ ಜನವರಿ 1ಕ್ಕೆ ಹಳೆಯದೇ ವಾಪಸ್ ಬಂತು.

ಜೋಡಿ ಸೂರ್ಯ ಅಂದ ತಕ್ಷಣ ಜೋಡಿ ವರ್ಷ ಹುಟ್ಟುತ್ತದೆ ಅನ್ನುವುದೂ ತಪ್ಪು. 2011ರಲ್ಲಿ ಪ್ರಕಟವಾದ ಕೆಪ್ಲರ್-16ಬಿ ಗ್ರಹ ಎರಡೂ ನಕ್ಷತ್ರಗಳನ್ನು ಸೇರಿಸಿ ಹೊರಗಿನಿಂದ ಸುತ್ತುತ್ತದೆ, ಸುಮಾರು 229 ದಿನಕ್ಕೊಮ್ಮೆ. ಒಳಗೆ ಆ ನಕ್ಷತ್ರಗಳು 41 ದಿನಕ್ಕೊಮ್ಮೆ ಒಂದನ್ನೊಂದು ಸುತ್ತುತ್ತವೆ. ಅದರ ಆಕಾಶದಲ್ಲಿ ಇಬ್ಬರು ಸೂರ್ಯರೂ ಸದಾ ಹತ್ತಿರ ಹತ್ತಿರವೇ. ಅಂಥ ಕಡೆ ಎರಡನೇ ವರ್ಷವನ್ನು ಎಲ್ಲಿಂದ ತರುತ್ತೀರಿ?

ಕೊನೆಗೆ ಕಷ್ಟಪಡುವವನು ಓದುಗ. "ಹಿರಿಯ ವರ್ಷ 42, ದಿನ 205, ಜೋಡಿ ವರ್ಷ 41, ದಿನ 302" ಅಂತ ಅಧ್ಯಾಯ ಶುರುವಾದರೆ ಅವನು ಆ ಸಾಲು ಹಾರಿಸಿ ಓದುತ್ತಾನೆ. ಲೆಕ್ಕ ಬರೆಯುವವರ ನೋಟ್‌ಬುಕ್ಕಿನಲ್ಲಿ ಇರಲಿ, ಅಲ್ಲಿ ಅದಕ್ಕೆ ಬೆಲೆ ಇದೆ. ಕತೆಯೊಳಗಿನ ಅಜ್ಜಿ "ನಾನು ಚಿಕ್ಕವಳಿದ್ದಾಗ ಕತ್ತಲಗಾಲ ಚಳಿಯಲ್ಲಿ ಬರ್ತಿತ್ತು, ಈಗ ಮಳೆಗಾಲಕ್ಕೆ ಬಂದಿದೆ" ಅಂದರೆ ಸಾಕು. ವರ್ಷಕ್ಕೆ ಐದು ದಿನ ಅನ್ನುವ ಲೆಕ್ಕ ಬೇಕಾದವನು ತಾನೇ ಮಾಡಿಕೊಳ್ಳುತ್ತಾನೆ.