ಅಳಿಲನ್ನ ಹಿಡಿದು ದೂರ ಬಿಟ್ಟು ಬಂದ್ರೆ ಪುಣ್ಯ ಬರಲ್ಲ

ಟೊರಾಂಟೋ ಕಡೆ ನಮ್ಮವರು ಮನೆ ತಗೊಂಡ ಹೊಸದ್ರಲ್ಲಿ ಕೇಳೋ ಪ್ರಶ್ನೆಗಳಲ್ಲಿ ಒಂದು, ಅಟ್ಟದಲ್ಲಿ ಅಳಿಲು ಸೇರ್ಕೊಂಡಿದೆ ಏನ್ ಮಾಡೋದು ಅಂತ. ಬರೋ ಉತ್ತರ ಯಾವಾಗ್ಲೂ ಒಂದೇ. ಬೋನು ತಂದು ಪೀನಟ್ ಬಟರ್ ಇಡಿ, ಬಿದ್ದ ಮೇಲೆ ಕಾರಲ್ಲಿ ಹಾಕ್ಕೊಂಡು ಹೈವೇ ಹತ್ತಿ ಯಾವ್ದಾದ್ರೂ ದೂರದ ಕಾಡಿಗೆ ಬಿಟ್ಟು ಬನ್ನಿ, ಕೊಂದ ಪಾಪ ಯಾಕೆ ಬೇಕು. ಹೇಳೋರ ಮನಸ್ಸು ಒಳ್ಳೇದೇ. ಆದ್ರೆ ನನ್ನ ಕೇಳಿದ್ರೆ ಇದೂ ಕೊಲ್ಲೋದೇ, ನಮ್ಮ ಕಣ್ಣಿಗೆ ಬೀಳಲ್ಲ ಅಷ್ಟೇ.

ಅಮೆರಿಕದ ಮೇರಿಲ್ಯಾಂಡ್‌ನಲ್ಲಿ ಇದನ್ನ ಮಾಡಿ ನೋಡಿದಾರೆ. ಮನೆಗಳಿರೋ ಬಡಾವಣೆಗಳಿಂದ 38 ಅಳಿಲು ಹಿಡಿದು ದೊಡ್ಡ ಕಾಡಿಗೆ ಬಿಟ್ಟು ಏನಾಗುತ್ತೆ ಅಂತ ಗಮನಿಸಿದ್ರು. 88 ದಿನದೊಳಗೆ 97 ಪರ್ಸೆಂಟ್ ಒಂದೋ ಸತ್ತಿದ್ವು, ಇಲ್ಲಾ ಆ ಜಾಗದಿಂದಲೇ ಕಾಣೆಯಾಗಿದ್ವು. 2004ರಲ್ಲಿ ಪ್ರಕಟ ಆದ ವಿಷಯ ಇದು. ಕಾಡು ಅಂದ್ರೆ ಅಳಿಲಿಗೆ ತವರುಮನೆ ಅಂತ ನಾವು ಅಂದ್ಕೊಂಡಿರ್ತೀವಿ, ಅದಕ್ಕೆ ಬೇಕಾಗಿರೋದು ತಾನು ಹುಟ್ಟಿ ಓಡಾಡಿದ ಜಾಗ, ಯಾವ ಮರದಲ್ಲಿ ಪೊಟರೆ ಇದೆ, ಗಿಡುಗ ಬಂದ್ರೆ ಯಾವ ಕೊಂಬೆಗೆ ಹಾರ್ಬೇಕು, ಕಾಯಿ ಎಲ್ಲೆಲ್ಲಿ ಹೂತಿಟ್ಟಿದೀನಿ, ಇದೆಲ್ಲ ಗೊತ್ತಿರೋ ಜಾಗ. ಅಕ್ಟೋಬರ್‌ನಲ್ಲಿ ಎತ್ತಾಕೊಂಡು ಹೋಗಿ ಬೇರೆ ಕಡೆ ಬಿಟ್ರೆ ಚಳಿಗಾಲಕ್ಕೆ ಅಂತ ಮಾಡ್ಕೊಂಡ ದಾಸ್ತಾನು ಪೂರ್ತಿ ಇಲ್ಲೇ ಉಳೀತು, ಅದು ಅಲ್ಲಿ ಏನು ತಿನ್ಬೇಕು?

ಇಲ್ಲಿ ಕೆನಡಾದ ಅಳಿಲುಗಳ ಜಾಗದ ವ್ಯವಹಾರ ತಿಳ್ಕೊಂಡ್ರೆ ಇದು ಇನ್ನೂ ಚೆನ್ನಾಗಿ ಅರ್ಥ ಆಗುತ್ತೆ. ಸೂಜಿಎಲೆ ಕಾಡಲ್ಲಿರೋ ಕೆಂಪು ಅಳಿಲು, ಅಮೆರಿಕನ್ ರೆಡ್ ಸ್ಕ್ವಿರಲ್, ಅದು ಪಹಣಿ ಇಟ್ಕೊಂಡಿರೋ ಜಮೀನ್ದಾರ. ಗಂಡಾಗಲಿ ಹೆಣ್ಣಾಗಲಿ ಒಂದೊಂದಕ್ಕೂ ಪ್ರತ್ಯೇಕ ಜಾಗ, ವರ್ಷಪೂರ್ತಿ ಕಾವಲು, ಮಧ್ಯದಲ್ಲಿ ಸ್ಪ್ರೂಸ್ ಕಾಯಿಗಳ ಗುಡ್ಡೆ. ಕೆನಡಾದ ವಾಯವ್ಯ ಮೂಲೆಯ ಯೂಕಾನ್ ಪ್ರಾಂತ್ಯದ ಕ್ಲುಆನಿ ಅನ್ನೋ ಕಡೆ 1987ರಿಂದ ಇವುಗಳ ಕಿವಿಗೆ ಟ್ಯಾಗ್ ಹಾಕಿ ಅಧ್ಯಯನ ಮಾಡ್ತಾ ಬಂದಿದಾರೆ, ಅಲ್ಲಿ ಒಂದು ಅಳಿಲಿನ ಆಸ್ತಿ ಸುಮಾರು 0.3 ಹೆಕ್ಟೇರ್, ನಮ್ಮ ಲೆಕ್ಕದಲ್ಲಿ ಮೂವತ್ತು ಗುಂಟೆ ಹತ್ರ. ಒಳಗೆ ಬಂದೋರಿಗೆ ಮೊದಲು ಬೈಗುಳ, ಗಿಲಕಿ ಆಡಿಸಿದ ಹಾಗೆ ಟರ್ರ್ ಅಂತ ಒಂದೇ ಸಮನೆ ಕೂಗುತ್ತೆ. ಟೊರಾಂಟೋದಿಂದ ಉತ್ತರಕ್ಕಿರೋ ಅಲ್ಗಾನ್‌ಕ್ವಿನ್ ಪಾರ್ಕಿನ ಕಾಡಿಗೆ ಕ್ಯಾಂಪಿಂಗ್ ಹೋದವರು ಈ ಬೈಗುಳ ತಿಂದೇ ತಿಂದಿರ್ತೀರಿ. ಬೇಸಿಗೆಯಲ್ಲಿ ಹುಟ್ಟಿದ ಮರಿಗೆ ಚಳಿ ಬರೋದ್ರೊಳಗೆ ಒಂದು ಜಾಗ, ಒಂದು ಗುಡ್ಡೆ ಸಿಗದಿದ್ರೆ ಬದುಕೋದು ಕಷ್ಟ. ಕೆಲವು ತಾಯಂದಿರು ಆಸ್ತೀನ ಮರಿಗೆ ಬಿಟ್ಟುಕೊಟ್ಟು ತಾವೇ ಬೇರೆ ಕಡೆ ಹೋಗ್ತವೆ, ನನಗಂತೂ ಇದು ಓದಿದಾಗ ಆಶ್ಚರ್ಯ ಆಯ್ತು, ನಮ್ಮಲ್ಲಿ ಹಿಸ್ಸೆ ಜಗಳ ಮೂರು ತಲೆಮಾರು ಕೋರ್ಟಲ್ಲಿ ಇರುತ್ತೆ. ಇನ್ನೊಂದು ಅಂದ್ರೆ ಅಕ್ಕಪಕ್ಕದಲ್ಲಿ ಹಳೇ ಪರಿಚಯದ ಅಳಿಲುಗಳೇ ಉಳ್ಕೊಂಡ್ರೆ ಇವು ಬದುಕುಳಿಯೋ ಸಾಧ್ಯತೆ ಜಾಸ್ತಿಯಂತೆ, ಸಂಬಂಧಿಕರೇ ಆಗ್ಬೇಕು ಅಂತಿಲ್ಲ, ಪರಿಚಯ ಇದ್ರೆ ಸಾಕು.

ಊರೊಳಗಿನ ಬೂದು ಅಳಿಲಿನ ಕಥೆ ಬೇರೆ. (ಟೊರಾಂಟೋದಲ್ಲಿ ಎಲ್ಲೆಲ್ಲೂ ಕಾಣೋ ಕರೀದು ಬೇರೆ ಜಾತಿ ಅಂದ್ಕೋತಾರೆ, ಅಲ್ಲ, ಅದೂ ಈಸ್ಟರ್ನ್ ಗ್ರೇ ಸ್ಕ್ವಿರಲ್, ಅಂದ್ರೆ ಇದೇ ಬೂದು ಅಳಿಲಿನ ಜಾತಿ, ಬಣ್ಣ ಮಾತ್ರ ಬೇರೆ.) ಇದಕ್ಕೆ ಬೇಲಿ ಇಲ್ಲ, ಗೋಮಾಳದ ಲೆಕ್ಕ. ಒಂದರ ಓಡಾಟದ ಜಾಗ ಇನ್ನೊಂದರ ಜೊತೆ ಕಲೆತಿರುತ್ತೆ, ಆಹಾರ ಚೆನ್ನಾಗಿರೋ ಕಡೆ ಒಂದೆರಡು ಎಕರೆ, ಇಲ್ಲದ ಕಡೆ ಅದರ ಎಷ್ಟೋ ಪಟ್ಟು, ಗಂಡಿನದು ಹೆಣ್ಣಿಗಿಂತ ದೊಡ್ಡದು. ಯಾರು ಮೇಲೆ ಯಾರು ಕೆಳಗೆ ಅನ್ನೋದು ಅವುಗಳೊಳಗೇ ತೀರ್ಮಾನ ಆಗಿರುತ್ತೆ. ಕಾಯೀನ ಒಂದೇ ಕಡೆ ಗುಡ್ಡೆ ಹಾಕಲ್ಲ, ಒಂದೊಂದೇ ಅಲ್ಲಲ್ಲಿ ಹೂತಿಡುತ್ತೆ, ಪಕ್ಕದಲ್ಲಿ ಇನ್ನೊಂದು ಅಳಿಲು ನೋಡ್ತಾ ಇದ್ರೆ ಸುಮ್ನೆ ನೆಲ ಕೆರೆದು ಹೂತ ಹಾಗೆ ನಾಟಕ ಮಾಡಿ ಕಾಯಿ ಬಾಯಲ್ಲೇ ಇಟ್ಕೊಂಡು ಹೋಗುತ್ತೆ. ನಮ್ಮ ಡೆಕ್ ಮೇಲಿನ ಮೆಂತ್ಯದ ಕುಂಡದಲ್ಲಿ ಒಂದ್ಸಲ ಸೊಪ್ಪಿನ ಮಧ್ಯೆ ದುಂಡು ಎಲೆಯ ಗಿಡ ಎದ್ದಿತ್ತು, ಎಳೆದು ನೋಡಿದ್ರೆ ಬುಡದಲ್ಲಿ ಶೇಂಗಾ ಸಿಪ್ಪೆ. ಎರಡು ಮನೆ ಆಚೆಯ ಅಜ್ಜಿ ದಿನಾ ಚೀಲಗಟ್ಲೆ ಶೇಂಗಾ ಹಾಕ್ತಾರೆ, ಅದರ ಗೋಡೌನ್ ನಮ್ಮ ಕುಂಡ.

ಹೀಗೆ ಕಲೆತಿರೋ ಜಾಗದಲ್ಲಿ ಒಂದನ್ನ ತೆಗೆದ್ರೆ ಏನಾಗುತ್ತೆ? ಆ ಜಾಗ ಮೊದಲೇ ನೋಡ್ಕೊಂಡಿರೋ ಇನ್ನೊಂದು ಬರುತ್ತೆ. ಅದೇ ತೂತು, ಅದೇ ಅಟ್ಟ. ಅದೂ ಅಲ್ದೆ ಟೊರಾಂಟೋ ಇರೋ ಒಂಟಾರಿಯೋ ಪ್ರಾಂತ್ಯದ ಕಾನೂನಲ್ಲಿ ಹಿಡಿದ ಪ್ರಾಣೀನ 1 ಕಿಲೋಮೀಟರ್ ಒಳಗೇ ಬಿಡ್ಬೇಕು ಅಂತ ಇದೆ, ಹೈವೇ ಸವಾರಿ ಮಾಡೋ ಧರ್ಮಾತ್ಮರಿಗೆ ಇದು ಗೊತ್ತಿದ್ದ ಹಾಗಿಲ್ಲ.

ಊರಲ್ಲಿ ನಾವೇನು ಕಮ್ಮಿ ಇಲ್ಲ. ನಮ್ಮದು ಶಿವಮೊಗ್ಗ ಜಿಲ್ಲೆಯ ಸಾಗರದ ಕಡೆ, ಅಲ್ಲಿ ಮಂಗನ ಕಾಟ ಅಂತ ಹಿಡಿಸಿ ಲಾರಿಯಲ್ಲಿ ತುಂಬಿ ಬೇರೆ ಕಡೆ ಬಿಡೋದು ನಡೀತಾನೇ ಇರುತ್ತೆ, ಬಿಟ್ಟ ಊರಿನವರು ಇನ್ಯಾರದ್ದೋ ಮಂಗ ನಮ್ಮ ತೋಟಕ್ಕೆ ಬಂತು ಅಂತ ಶಾಪ ಹಾಕ್ತಾರೆ. ಆದ್ರೆ ಕೆಂಜಳಿಲಿನ, ಅಂದ್ರೆ ಮಲೆನಾಡಿನ ಆ ದೊಡ್ಡ ಅಳಿಲಿನ ವಿಷಯದಲ್ಲಿ ನಮ್ಮ ಹಿರಿಯರ ರೀತಿ ಬೇರೆ ಇತ್ತು. ಅದು ಎಳೆ ತೆಂಗಿನಕಾಯಿ ಕೊರೆಯುತ್ತೆ, ಕೋಕೋ ಹಾಳು ಮಾಡುತ್ತೆ, ಅಪ್ಪ ಬಯ್ಯೋರು, ಡಬ್ಬ ಬಡಿದು ಓಡಿಸೋರು, ಆದ್ರೆ ಅದು ಈ ಬೆಟ್ಟದ್ದು, ಇಲ್ಲೇ ಇರೋದು ಅಂತ ಎಲ್ಲರಿಗೂ ಗೊತ್ತಿತ್ತು. ಅದು ನೆಲಕ್ಕೆ ಇಳಿಯೋದೇ ಅಪರೂಪ, ತನ್ನ ಜಾಗದಲ್ಲೇ ನಾಲ್ಕಾರು ಗೂಡು ಕಟ್ಕೊಂಡು ಕೊಂಬೆಯಿಂದ ಕೊಂಬೆಗೆ ಓಡಾಡೋ ಪ್ರಾಣಿ. ತೋಟಕ್ಕೂ ಸೊಪ್ಪಿನ ಬೆಟ್ಟಕ್ಕೂ (ತೋಟದ ಗೊಬ್ಬರಕ್ಕೆ ಸೊಪ್ಪು ತರೋ ಕಾಡು) ಮಧ್ಯೆ ಮರ ಕೂಡಿಕೊಂಡಿರೋ ತನಕ ಅದಕ್ಕೆ ದಾರಿ ಇರುತ್ತೆ, ರಸ್ತೆ ಅಗಲ ಮಾಡಿ ಎರಡೂ ಬದಿ ಮರ ತೆಗೆದ ದಿನ ಅಲ್ಲಿಗೆ ಅದರ ಲೋಕ ಮುಗೀತು. ಇಲಿಗೆ ಅಂತ ತೆಂಗಿನ ಮರಕ್ಕೆ ತಗಡು ಸುತ್ತೋದು ಕೂಡ ಒಂಟಿ ಮರಕ್ಕೆ ಮಾತ್ರ ಉಪಯೋಗ, ಪಕ್ಕದ ಮರದ ತಲೆಯಿಂದ ಹಾರಿ ಬರೋದಕ್ಕೆ ತಗಡು ಏನು ಮಾಡುತ್ತೆ.

ಹಾಗಾಗಿ ಇಲ್ಲಿ ಯಾರಾದ್ರೂ ಕೇಳಿದ್ರೆ ನಾನು ಹೇಳೋದು ಇಷ್ಟು. ಅಳಿಲು ಅಲ್ಲೇ ಇರ್ಲಿ, ಅಟ್ಟ ಮಾತ್ರ ಬಿಡಿಸಿ. ಮಾಡಿಗೆ ತಾಗಿರೋ ಕೊಂಬೆ ಕಡಿಸಿ, ತೂತಿಗೆ ಹೊರಗಡೆ ಮಾತ್ರ ತೆಗೆಯೋ ಬಾಗಿಲು ಹಾಕ್ಸಿ, ಎಲ್ಲಾ ಹೊರಗೆ ಹೋದ್ಮೇಲೆ ಗಟ್ಟಿ ತಂತಿ ಜಾಲರಿ ಬಡೀರಿ, ಫೋಮ್ ತುಂಬಿದ್ರೆ ಕಡಿದು ಹಾಕುತ್ತೆ. ಆದ್ರೆ ತಿಂಗಳು ನೋಡ್ಕೊಳ್ಳಿ. ಮಾರ್ಚ್ ಏಪ್ರಿಲ್‌ನಲ್ಲಿ, ಆಗಸ್ಟ್‌ನಲ್ಲಿ ಒಳಗೆ ಮರಿ ಇರೋ ಚಾನ್ಸ್ ಜಾಸ್ತಿ. ಆಗ ಮುಚ್ಚಿದ್ರೆ ಮರಿ ಒಳಗೆ ಸಾಯುತ್ತೆ, ತಾಯಿ ಹೊರಗಿಂದ ಸೋಫಿಟ್, ಅಂದ್ರೆ ಮಾಡಿನ ಅಂಚಿನ ಕೆಳಗಿನ ಹಲಗೆ, ಕಿತ್ತು ಹಾಕುತ್ತೆ, ರಿಪೇರಿ ಬಿಲ್ಲು ನಿಮ್ಮ ತಲೆಗೆ. ಸೆಪ್ಟೆಂಬರ್ ಕೊನೆಗೆ, ಮರಿ ದೊಡ್ಡದಾಗಿ ಓಡಾಡ್ತಿರುತ್ತಲ್ಲ, ಆಗ ಮಾಡ್ಸಿ.