ಸ್ಪಷ್ಟನೆ: ಸಂವಿಧಾನದಲ್ಲಿ ‘ರಾಷ್ಟ್ರಭಾಷೆ’ ಇಲ್ಲ

‘ಹಿಂದಿ ನಮ್ಮ ರಾಷ್ಟ್ರಭಾಷೆ, ಸಂವಿಧಾನವೇ ಹಾಗೆ ಹೇಳಿದೆ’ ಎಂಬ ಸಂದೇಶ ವಾಟ್ಸ್‌ಆ್ಯಪ್‌ನಲ್ಲಿ ಮತ್ತೆ ಹರಿದಾಡುತ್ತಿದೆ. ಇದು ತಪ್ಪು. 343ನೇ ವಿಧಿಯ ಪ್ರಕಾರ ದೇವನಾಗರಿ ಲಿಪಿಯ ಹಿಂದಿ ಕೇಂದ್ರದ ಆಡಳಿತ ಭಾಷೆ, ಅಷ್ಟೇ. ರಾಷ್ಟ್ರಭಾಷೆ ಎಂಬ ಪಟ್ಟವನ್ನು ಸಂವಿಧಾನ ಯಾವ ನುಡಿಗೂ ಕಟ್ಟಿಲ್ಲ. ಇದು ಕಣ್ತಪ್ಪಿನಿಂದ ಆದದ್ದೂ ಅಲ್ಲ. ಸಂವಿಧಾನ ಸಭೆಯಲ್ಲಿ ಈ ಬಗ್ಗೆ ಕಾವೇರಿದ ಚರ್ಚೆ ನಡೆದು, 1949ರ ಸೆಪ್ಟೆಂಬರ್ 14ರಂದು ಹಿಂದಿಯನ್ನು ರಾಷ್ಟ್ರಭಾಷೆ ಎನ್ನದೆ ಆಡಳಿತ ಭಾಷೆ ಎಂದಷ್ಟೇ ಕರೆದ ಮುನ್ಶಿ–ಅಯ್ಯಂಗಾರ್ ಸೂತ್ರಕ್ಕೆ (ಸಭೆಯ ಸದಸ್ಯರಾದ ಕೆ.ಎಂ. ಮುನ್ಶಿ ಮತ್ತು ಎನ್. ಗೋಪಾಲಸ್ವಾಮಿ ಅಯ್ಯಂಗಾರ್ ಹೆಸರಿನ ರಾಜಿ ಸೂತ್ರ) ಒಪ್ಪಿಗೆ ಸಿಕ್ಕಿತು. ಭಾರತೀಯನಾಗಲು ಇಂಥದ್ದೇ ಭಾಷೆ ಬರಬೇಕು ಎಂಬ ಷರತ್ತನ್ನು ಆ ಹಿರಿಯರು ಹಾಕಲಿಲ್ಲ. ನನಗೆ ಅದೇ ದೊಡ್ಡ ಮಾತು. ಭಾಷೆಗಳನ್ನು ಪಟ್ಟಿ ಮಾಡುವ ಸಂವಿಧಾನದ ಎಂಟನೇ ಅನುಸೂಚಿಯಲ್ಲಿ ಮೊದಲು 14 ಭಾಷೆಗಳಿದ್ದವು, ಈಗ 22. ಕನ್ನಡ ಆರಂಭದಿಂದಲೂ ಇದೆ. ಜೇಬಿನಲ್ಲಿರುವ ನೂರರ ನೋಟನ್ನು ತಿರುಗಿಸಿ ನೋಡಿ: 15 ಭಾಷೆಗಳ ಪಟ್ಟಿಯಲ್ಲಿ ಮೇಲಿನಿಂದ ನಾಲ್ಕನೇ ಸಾಲು ನಮ್ಮದು.